ಮಾಂಜ್ರಾ ಸೀಮೆಗೆ ಉದ್ದಿಮೆ ಬಂದೇ ಇಲ್ಲವೇ?

ಬೀದರ್ ಜಿಲ್ಲೆಯ ಬಗ್ಗೆ, ಅದರಲ್ಲೂ ಔರಾದ್ ತಾಲೂಕಿನ ಸಂತಪುರ ಕಡೆಯ ಬಗ್ಗೆ, ಒಂದು ಸಿದ್ಧ ಮಾತು ಚಾಲ್ತಿಯಲ್ಲಿದೆ. ರಾಜ್ಯದ ನೆತ್ತಿಯ ಮೇಲಿನ ಬರಡು ನೆಲ, ಮಳೆ ಸಾಲದು, ನೀರಿಲ್ಲ, ಕಾರ್ಖಾನೆ ಇಲ್ಲ. ಅದಕ್ಕೇ ಜನ ಹೈದರಾಬಾದ್, ಪುಣೆ, ಮುಂಬೈ ಎಂದು ಗುಳೆ ಹೋಗುತ್ತಾರೆ. ಒಂದು ದೊಡ್ಡ ಉದ್ದಿಮೆ ತಂದು ಕೂರಿಸಿ, ನಾಲ್ಕು ಕೆರೆ ತುಂಬಿಸಿದರೆ ಊರು ಉದ್ಧಾರ. ಡಿ.ಎಂ. ನಂಜುಂಡಪ್ಪ ಸಮಿತಿಯ 2002ರ ವರದಿ ಔರಾದನ್ನು ಅತಿ ಹಿಂದುಳಿದ ತಾಲೂಕುಗಳ ಸಾಲಿಗೆ ಸೇರಿಸಿದ ಮೇಲಂತೂ ಈ ಮಾತಿಗೆ ಸರ್ಕಾರಿ ಮೊಹರೇ ಬಿದ್ದಂತಾಯಿತು. ಚುನಾವಣೆಯ ವೇದಿಕೆಯಲ್ಲಿ, ಪತ್ರಿಕೆಯ ಸಂಪಾದಕೀಯದಲ್ಲಿ, ಬಸ್ ನಿಲ್ದಾಣದ ಚಹಾದಂಗಡಿಯಲ್ಲಿ ಇದೇ ಮಾತು.

ಸೀಮೆ ಹಿಂದುಳಿದಿದೆ ಎಂಬುದು ಸುಳ್ಳಲ್ಲ. ಅದಕ್ಕೆ ಕೊಡುವ ಕಾರಣ ಸುಳ್ಳು. ಇಲ್ಲಿ ನೀರು ಹಿಂದೆಯೂ ಇತ್ತು, ಈಗಲೂ ಇದೆ. ಉದ್ದಿಮೆಯೂ ಬಂದಿದೆ, ಒಂದಲ್ಲ, ಹಲವು ಸಲ. ಬಂದ ನೀರು ಯಾರ ಪಾಲಾಯಿತು, ಬಂದ ಉದ್ದಿಮೆ ಲಾಭವನ್ನು ಎಲ್ಲಿಗೆ ಒಯ್ದು ಹೊಲಸನ್ನು ಯಾರ ಅಂಗಳದಲ್ಲಿ ಬಿಟ್ಟಿತು ಎಂಬ ಲೆಕ್ಕವನ್ನು ಮಾತ್ರ ಯಾರೂ ಒಪ್ಪಿಸಿಲ್ಲ. ಆ ಲೆಕ್ಕ ಕೇಳದೆ ಇನ್ನೊಂದು ಕಾರ್ಖಾನೆ ಬೇಡುವುದೆಂದರೆ ಹಳೆಯ ನಷ್ಟವನ್ನೇ ಮತ್ತೊಮ್ಮೆ ಕೈಯಾರೆ ಕರೆದಂತೆ.

ಮೊದಲು ಮಳೆಯ ಮಾತು. ಬೀದರ್ ಜಿಲ್ಲೆಯ ಸರಾಸರಿ ವಾರ್ಷಿಕ ಮಳೆ ಸುಮಾರು 850 ಮಿಲಿಮೀಟರ್. ರಾಯಚೂರು, ವಿಜಯಪುರ, ಬಳ್ಳಾರಿ ಯಾವುದಕ್ಕೂ ಇಷ್ಟು ಮಳೆಯಿಲ್ಲ. ಕರ್ನಾಟಕದ ಪಾಲಿಗೆ ಬಂದಿರುವ ಗೋದಾವರಿ ಕಣಿವೆ ಎಂದರೆ ಬಹುಮಟ್ಟಿಗೆ ಈ ಜಿಲ್ಲೆಯೇ. 5,448 ಚದರ ಕಿಲೋಮೀಟರಿನ ಬೀದರಿನಲ್ಲಿ ಸುಮಾರು 4,400 ಚದರ ಕಿಲೋಮೀಟರ್ ನೆಲದ ನೀರು ಮಾಂಜ್ರಾ ಹೊಳೆಯ ಮೂಲಕ ಗೋದಾವರಿಗೆ ಹರಿಯುತ್ತದೆ. ಮಳೆ ಬರುತ್ತದೆ, ಆದರೆ ಒಮ್ಮೆಲೇ ಬರುತ್ತದೆ: ಬಹುಪಾಲು ಜೂನ್‌ನಿಂದ ಸೆಪ್ಟೆಂಬರ್ ಒಳಗೆ. ಒಂದು ವರ್ಷ ಹೊಲವೆಲ್ಲ ಕೊಚ್ಚಿಹೋಗುತ್ತದೆ, ಮರುವರ್ಷ ಬಾವಿ ತಳ ಕಾಣುತ್ತದೆ. ಇದು ಬರಡು ನೆಲದ ಗುಣವಲ್ಲ. ಬಂದದ್ದನ್ನು ಹಿಡಿದಿಟ್ಟುಕೊಳ್ಳಬೇಕಾದ ನೆಲದ ಗುಣ.

ಹಿಡಿದಿಡುವುದು ಎಲ್ಲಿ ಸಾಧ್ಯ, ಎಲ್ಲಿ ಕಷ್ಟ ಎಂಬುದನ್ನು ಸಂತಪುರದಿಂದ ಬೀದರಿಗೆ ಹೋಗುವ ರಸ್ತೆಯೇ ತೋರಿಸಿಕೊಡುತ್ತದೆ. ಸಂತಪುರದ ಸುತ್ತ ಕರಿ ಎರೆ. ಅದರ ಕೆಳಗೆ ಸುಮಾರು 6.6 ಕೋಟಿ ವರ್ಷದ ಹಿಂದೆ ಲಾವಾ ಹರಿದು ಪದರುಪದರಾಗಿ ಹೆಪ್ಪುಗಟ್ಟಿದ ಬಸಾಲ್ಟ್ ಬಂಡೆ. ಎರೆ ಮಣ್ಣು ನೀರನ್ನು ತನ್ನಲ್ಲೇ ಹಿಡಿದುಕೊಳ್ಳುತ್ತದೆ, ಕೆಳಗೆ ಬಿಡುವುದು ಕಡಿಮೆ. ಬಂಡೆಯಲ್ಲಾದರೋ ನೀರು ನಿಲ್ಲುವುದು ಮೇಲಿನ ಸವೆದ ಪದರದಲ್ಲಿ, ಬಿರುಕುಗಳಲ್ಲಿ. ಆ ಸವೆದ ಪದರವೂ ತನ್ನ ಗಾತ್ರದ ಶೇಕಡಾ 1ರಿಂದ 3ರಷ್ಟು ನೀರನ್ನು ಮಾತ್ರ ಬಾವಿಗೆ ಬಿಟ್ಟುಕೊಡುತ್ತದೆ. ಇಲ್ಲಿ ಬೋರ್‌ವೆಲ್ ಕೊರೆಸುವುದು ಜೂಜಾಟವಾಗಿರುವುದು ಅದಕ್ಕೇ. ಕೌಠಾ (ಬಿ) ಬಳಿ ಸೇತುವೆ ಮೇಲೆ ಮಾಂಜ್ರಾ ದಾಟಿ, ಜನವಾಡ ಹಾದು ಮುಂದೆ ಹೋದರೆ ನೂರು ಮೀಟರಿನಷ್ಟು ಏರು ಸಿಗುತ್ತದೆ. ಏರು ಮುಗಿದಲ್ಲಿ ಮಣ್ಣು ಕೆಂಪಗೆ: ಬೀದರಿನ ಜಂಬಿಟ್ಟಿಗೆ ಪ್ರಸ್ಥಭೂಮಿ. ಅದೇ ಬಸಾಲ್ಟ್ ಲಕ್ಷಾಂತರ ವರ್ಷ ಮಳೆ ಬಿಸಿಲಿಗೆ ಕೊಳೆತು, ಕರಗುವುದೆಲ್ಲ ಕರಗಿಹೋಗಿ, ಕಬ್ಬಿಣ ಮತ್ತು ಅಲ್ಯೂಮಿನಿಯಂ ಉಳಿದು ಗಟ್ಟಿಯಾದ ಹೊದಿಕೆ ಇದು. ಕೆಲವೆಡೆ 30 ಮೀಟರಿಗೂ ಹೆಚ್ಚು ದಪ್ಪ. ಮೈತುಂಬ ರಂಧ್ರ. ಸ್ಪಂಜಿನಂತೆ ಮಳೆ ಕುಡಿಯುತ್ತದೆ. ಅಡಿಯ ಜೇಡಿ ಪದರ ತಡೆದಾಗ ಅಂಚಿನಲ್ಲಿ ಝರಿಯಾಗಿ ಬಿಡುತ್ತದೆ. ನರಸಿಂಹ ಝರಣಿ, ಗುರುನಾನಕ್ ಝಿರಾ, ಪಾಪನಾಶ ಮೂರೂ ಈ ಅಂಚಿನ ಕೊಡುಗೆ. ನಾವು ಅಲ್ಲಿ ಕೈಮುಗಿಯುತ್ತೇವೆ, ಸರಿ. ಆ ನೀರು ಮೇಲಿನ ನೆಲದಲ್ಲಿ ಇಂಗಿದ ಮಳೆ ಎಂಬುದನ್ನು ಮಾತ್ರ ಮರೆಯುತ್ತೇವೆ.

ಹದಿನೈದನೇ ಶತಮಾನದಲ್ಲಿ ಬಹಮನಿಗಳು ರಾಜಧಾನಿಯನ್ನು ಕಲಬುರಗಿಯಿಂದ ಬೀದರಿಗೆ ತಂದಾಗ ಈ ನೆಲದ ಗುಣ ಓದಿದವರು ಇದ್ದರು. ಪರ್ಷಿಯಾದ ಕರೇಜ್ ತಂತ್ರ ಬಲ್ಲವರು ಜಂಬಿಟ್ಟಿಗೆಯೊಳಗೆ ಸುರಂಗ ಕೊರೆದರು. ನೌಬಾದಿನ ಸುರಂಗ ಸುಮಾರು 3 ಕಿಲೋಮೀಟರ್ ಉದ್ದ. ಗಾಳಿ ಬೆಳಕಿಗೆ, ಹೂಳು ತೆಗೆಯಲಿಕ್ಕೆ ಮೇಲಿನಿಂದ ಇಪ್ಪತ್ತಕ್ಕೂ ಹೆಚ್ಚು ಬಾವಿಗಳಂಥ ಕಿಂಡಿಗಳು. ಶುಕ್ಲತೀರ್ಥ ಮತ್ತು ಜಮ್ನಾ ಮೋರಿ ಇನ್ನೆರಡು. ಪಂಪಿಲ್ಲ, ಕರೆಂಟಿಲ್ಲ, ಇಳಿಜಾರು ಒಂದೇ ಬಂಡವಾಳ. ಸುರಂಗ ಒಂದು ದಿನಕ್ಕೆ ಕೊಡುವಷ್ಟು ನೀರನ್ನಷ್ಟೇ ಬಳಸಬಹುದು. ಹೆಚ್ಚು ಬೇಕೆಂದರೂ ಬಾರದು. ಮಿತಿಯನ್ನು ಯಂತ್ರದೊಳಗೇ ಕಟ್ಟಿದ ವ್ಯವಸ್ಥೆ ಇದು. ಇದನ್ನು ನಾವು ಸ್ಮಾರಕವೆಂದು ಕರೆದು ಪ್ರವಾಸೋದ್ಯಮ ಇಲಾಖೆಗೆ ಒಪ್ಪಿಸಿದ್ದೇವೆ. ಇದರ ನಿಜವಾದ ಜಾಗ ಜಿಲ್ಲೆಯ ಕೈಗಾರಿಕಾ ಚರಿತ್ರೆಯ ಮೊದಲ ಪುಟ.

ಉದ್ದಿಮೆಯೂ ಇಲ್ಲಿಗೆ ಹೊಸದಲ್ಲ. ಹನ್ನೆರಡನೇ ಶತಮಾನದ ಕಲ್ಯಾಣದ ಶರಣರ ಹೆಸರಿಗೇ ಕಸುಬು ಅಂಟಿಕೊಂಡಿದೆ. ಅಂಬಿಗರ ಚೌಡಯ್ಯ, ಮಡಿವಾಳ ಮಾಚಯ್ಯ, ಸಮಗಾರ ಹರಳಯ್ಯ. ದೋಣಿ, ಬಟ್ಟೆ ಒಗೆತ, ತೊಗಲು ಹದ ಮಾಡುವುದು, ಮೂರೂ ನೀರಿನ ದಂಡೆಯ ಕೆಲಸ. ನುಲಿಯ ಚಂದಯ್ಯ ಕೆರೆಯಂಚಿನ ಹುಲ್ಲು ಕೊಯ್ದು ಹಗ್ಗ ಹೊಸೆದು ಮಾರಿ ದಾಸೋಹ ನಡೆಸಿದವನು. ಬಸವಕಲ್ಯಾಣದ ತ್ರಿಪುರಾಂತ ಕೆರೆಯ ದಂಡೆಯಲ್ಲಿ ಇಂದಿಗೂ ಜನ ಅವನನ್ನು ನೆನೆಯುತ್ತಾರೆ. ಕೆರೆಯ ಕಚ್ಚಾವಸ್ತು, ಕೈಯ ದುಡಿಮೆ, ಮಾರುಕಟ್ಟೆ, ಲಾಭದ ಹಂಚಿಕೆ: ಉದ್ದಿಮೆ ಎನ್ನಲು ಇನ್ನೇನು ಬೇಕು? ಬಿದರಿ ಕಲೆಯನ್ನೇ ನೋಡಿ. ಸತುವು ಮತ್ತು ತಾಮ್ರ ಹೊರಗಿನಿಂದ ಬರುವ ಲೋಹ. ಹದಿನಾರು ಪಾಲು ಸತುವಿಗೆ ಒಂದು ಪಾಲು ತಾಮ್ರದ ಆ ಮಿಶ್ರಣವನ್ನು ಕಪ್ಪಾಗಿಸುವುದು ಕೋಟೆಯ ಹಳೆಯ ಗೋಡೆಗಳ ಬಳಿಯ ಮಣ್ಣು. ಊರಿನದೆಂದು ಹೇಳಬಹುದಾದದ್ದು ಒಂದು ಹಿಡಿ ಮಣ್ಣು ಮತ್ತು ಕೈಯ ಕಸಬು. ಅಷ್ಟರ ಮೇಲೆ ಶತಮಾನಗಳ ಕಾಲ ಒಂದು ಉದ್ದಿಮೆ ನಿಂತಿತು. 2023ರಲ್ಲಿ ಬಿದರಿ ಕಲಾವಿದ ಶಾ ರಶೀದ್ ಅಹ್ಮದ್ ಖಾದ್ರಿ ಅವರಿಗೆ ಪದ್ಮಶ್ರೀ ಬಂದಾಗ ಜಿಲ್ಲೆಯೆಲ್ಲ ಸಂಭ್ರಮಿಸಿತು. ಆ ಕಸುಬಿನಲ್ಲಿ ಬದುಕುವ ಮನೆಗಳು ಮಾತ್ರ ಕೈಗಾರಿಕಾ ನೀತಿಯ ಕಣ್ಣಿಗೆ ಬೀಳುವುದೇ ಇಲ್ಲ.

ಇಷ್ಟು ಹೇಳಿದ ಕೂಡಲೇ ಇನ್ನೊಂದು ಸಿದ್ಧ ಮಾತು ಬಾಗಿಲಿಗೆ ಬರುತ್ತದೆ: ಹಿಂದೆ ಎಲ್ಲ ಚೆನ್ನಾಗಿತ್ತು, ಕಾರ್ಖಾನೆ ಬಂದು ಕೆಡಿಸಿತು. ಇದನ್ನೂ ಒಪ್ಪಲಾಗದು. ಸುರಂಗದ ನೀರು ಮೊದಲು ತಲುಪಿದ್ದು ಅರಮನೆ, ತೋಟ ಮತ್ತು ದಂಡಿಗೆ. ಹರಳಯ್ಯನ ಕುಲದವರಿಗೆ ಊರ ಬಾವಿ ಮುಟ್ಟುವ ಹಕ್ಕು ಕಲ್ಯಾಣ ಕ್ರಾಂತಿಯ ಎಂಟು ಶತಮಾನದ ನಂತರವೂ ಹೋರಾಟದ ವಿಷಯವಾಗಿಯೇ ಉಳಿಯಿತು. ಹಳೆಯದನ್ನು ನೆನೆಯಬೇಕಾದ್ದು ಪೂಜೆಗಲ್ಲ. ಆ ಕಾಲ ಅಸಮಾನವಾಗಿತ್ತು, ಆದರೆ ನೆಲ ಹೊರಲಾರದ ಭಾರವನ್ನು ಅದರ ಮೇಲೆ ಹೇರುವ ಶಕ್ತಿ ಅದಕ್ಕಿರಲಿಲ್ಲ. ಇಪ್ಪತ್ತನೇ ಶತಮಾನಕ್ಕೆ ಆ ಶಕ್ತಿ ಬಂತು. ಅಸಮಾನತೆಯೂ ಜೊತೆಗೇ ಉಳಿಯಿತು.

ಶಕ್ತಿ ಮೊದಲು ಬಂದದ್ದು ಹೊಳೆಯ ಮೇಲೆ. ಮಹಾರಾಷ್ಟ್ರದ ಬೀಡ್ ಜಿಲ್ಲೆಯ ಬಾಲಾಘಾಟ್ ಗುಡ್ಡಗಳಲ್ಲಿ ಹುಟ್ಟಿ 724 ಕಿಲೋಮೀಟರ್ ಹರಿಯುವ ಮಾಂಜ್ರಾಕ್ಕೆ ನಿಜಾಮ ಸರ್ಕಾರ 1923ರಲ್ಲಿ ಅಣೆಕಟ್ಟೆ ಹಿಡಿದು 1931ರಲ್ಲಿ ನಿಜಾಮಸಾಗರ ಮುಗಿಸಿತು. 1960ರ ದಶಕದಿಂದ ಹೈದರಾಬಾದ್ ಮಾಂಜ್ರಾ ನೀರು ಕುಡಿಯತೊಡಗಿತು. ಆಮೇಲೆ ಸಿಂಗೂರು ಜಲಾಶಯ ಬಂತು. ಮೇಲ್ಗಡೆ ಧನೇಗಾಂವದಲ್ಲಿ ಮಹಾರಾಷ್ಟ್ರ ಹೊಳೆ ಕಟ್ಟಿತು. ನಿಜಾಮರ ಕಾಲದ ರೈಲು ವಿಕಾರಾಬಾದಿನಿಂದ ಬೀದರ್, ಭಾಲ್ಕಿ, ಕಮಲನಗರ, ಉದಗೀರ್ ಹಾದು ಪರಳಿ ಸೇರಿತು. ಸಂತಪುರ, ಔರಾದ್ ಆ ಹಳಿಯಿಂದ ದೂರವೇ ಉಳಿದವು. ಹೀಗೆ ಈ ಸೀಮೆ ನಡುವಿನದಾಯಿತು. ಧನೇಗಾಂವದ ಗೇಟು ತೆರೆದರೆ ಭಾಲ್ಕಿ, ಕಮಲನಗರ, ಔರಾದ್ ತಾಲೂಕಿನ ದಂಡೆ ಹೊಲಗಳಿಗೆ ನೆರೆ. ಮುಚ್ಚಿದರೆ ಒಣ ಮರಳು. ನೀರು ಇಲ್ಲದ ಸೀಮೆಯಲ್ಲ ಇದು, ನೀರಿನ ಕೀಲಿ ಬೇರೆಯವರ ಕೈಯಲ್ಲಿರುವ ಸೀಮೆ.

ಕರ್ನಾಟಕ ತಾನೇ ಕೀಲಿ ಹಿಡಿದದ್ದು ಕಾರಂಜಾದಲ್ಲಿ. ಮಾಂಜ್ರಾದ ಈ ಉಪನದಿಗೆ ಭಾಲ್ಕಿ ತಾಲೂಕಿನ ಬ್ಯಾಲಹಳ್ಳಿ ಬಳಿ 1970ರ ದಶಕದಲ್ಲಿ ಕಟ್ಟೆ ಹಿಡಿದು 1980ರ ದಶಕದ ಕೊನೆಗೆ ನೀರು ನಿಲ್ಲಿಸಿದರು. ಸಾಮರ್ಥ್ಯ 7.69 ಟಿಎಂಸಿ. ಈಗ ಚಳಿಗಾಲದಲ್ಲಿ ಹಿನ್ನೀರಿಗೆ ಬಾತುಕೋಳಿಗಳು ಇಳಿಯುತ್ತವೆ, ಫೋಟೋ ತೆಗೆಯುವವರು ಬರುತ್ತಾರೆ, ಜಿಲ್ಲೆಯ ಜೀವನಾಡಿ ಎಂದು ಭಾಷಣಗಳಲ್ಲಿ ಹೊಗಳಿಕೆ ಕೇಳುತ್ತದೆ. ಇದೂ ಒಂದು ಬೃಹತ್ ಉದ್ದಿಮೆ ಎಂದು ಯಾರೂ ಹೇಳುವುದಿಲ್ಲ. ಕಾರ್ಖಾನೆಗೆ ಬೇಕಾದಂತೆಯೇ ಇದಕ್ಕೂ ಭೂಸ್ವಾಧೀನ ಬೇಕಾಯಿತು, ಸರ್ಕಾರದ ಬಂಡವಾಳ ಬೇಕಾಯಿತು, ಎಂಜಿನಿಯರುಗಳು ಬೇಕಾದರು. ಉತ್ಪನ್ನ ನೀರು. ಅದರ ಬೆಲೆ ಕೊಟ್ಟವರು ಹೊಲ ಮನೆ ಮುಳುಗಿಸಿಕೊಂಡವರು. ತಲೆಮಾರು ಕಳೆದರೂ ಅವರು ವೈಜ್ಞಾನಿಕ ಪರಿಹಾರ ಕೇಳಿ ಬೀದರಿನಲ್ಲಿ ವರ್ಷಗಟ್ಟಲೆ ಧರಣಿ ಕೂರಬೇಕಾಯಿತು. ಹಿಂದುಳಿದಿರುವಿಕೆಯ ಕಾರಣ ಹುಡುಕುವ ಸಮಿತಿಗಳು ಈ ಧರಣಿಯ ಟೆಂಟಿನಿಂದಲೇ ಹುಡುಕಾಟ ಶುರುಮಾಡಬಹುದಿತ್ತು.

ನಿಂತ ನೀರು ಏನಾಯಿತು? ಬೀದರ್ ನಗರವೂ ಸುತ್ತಲಿನ ಪಟ್ಟಣಗಳೂ ಇದರಿಂದ ಕುಡಿಯುತ್ತವೆ, ಅದು ನ್ಯಾಯವೇ. ಕಾಲುವೆಯ ಕೆಳಗೂ ಬೋರ್‌ವೆಲ್ಲಿನ ಸುತ್ತಲೂ ಬೆಳೆದದ್ದು ಕಬ್ಬು. ಹಳ್ಳಿಖೇಡದ ಬೀದರ್ ಸಹಕಾರ ಸಕ್ಕರೆ ಕಾರ್ಖಾನೆ, ಹುಣಜಿಯ ಮಹಾತ್ಮ ಗಾಂಧಿ, ಇಮಾಂಪುರದ ನಾರಂಜಾ, ಜೊತೆಗೆ ಖಾಸಗಿಯವು. ಉದ್ದಿಮೆ ಇಲ್ಲ ಎನ್ನುವ ಜಿಲ್ಲೆಯಲ್ಲಿ ಇಷ್ಟು ಚಿಮಣಿಗಳು! ಈಗ ಸ್ವಲ್ಪ ಗುಣಾಕಾರ ಮಾಡೋಣ. ಕಬ್ಬಿಗೆ ಒಂದು ಬೆಳೆಗೆ ಬೇಕಾದ ನೀರು 1,500ರಿಂದ 2,500 ಮಿಲಿಮೀಟರ್. ನಮ್ಮ ಮಳೆ 850. ಅಂದರೆ ಒಳ್ಳೆಯ ಮಳೆಗಾಲದಲ್ಲೂ ಸುಮಾರು 1,000 ಮಿಲಿಮೀಟರ್ ಕಾಲುವೆಯಿಂದಲೋ ನೆಲದೊಳಗಿನಿಂದಲೋ ಕೊಡಬೇಕು ಎಂದು ಇಟ್ಟುಕೊಳ್ಳಿ. ಆಗ ಒಂದು ಎಕರೆಗೆ ಸುಮಾರು 40 ಲಕ್ಷ ಲೀಟರ್. ದಿನಕ್ಕೆ ತಲೆಗೆ 100 ಲೀಟರಿನಂತೆ 110 ಜನರ ಇಡೀ ವರ್ಷದ ನೀರು ಅದು. 2011ರ ಜನಗಣತಿಯಂತೆ ಜಿಲ್ಲೆಯ ಜನ 17,03,300. ಇಷ್ಟೂ ಜನಕ್ಕೆ ದಿನಕ್ಕೆ 100 ಲೀಟರ್ ಕೊಟ್ಟರೆ ವರ್ಷಕ್ಕೆ 2.2 ಟಿಎಂಸಿ ಸಾಕು. ಸುಮಾರು 15 ಸಾವಿರ ಎಕರೆ ಕಬ್ಬು ಅಷ್ಟನ್ನೂ ಕುಡಿದು ಮುಗಿಸುತ್ತದೆ. ನೀರಿಲ್ಲದ ಜಿಲ್ಲೆ ಎನ್ನುವ ಮೊದಲು ಈ ಎರಡು ಅಂಕಿಗಳನ್ನು ಪಕ್ಕಪಕ್ಕ ಇಟ್ಟು ನೋಡಬೇಕು.

ಕಬ್ಬು ಹಾಕಿದ ರೈತನನ್ನು ಬೈಯುವುದು ಪಟ್ಟಣದವರ ಹಳೆಯ ಚಾಳಿ. ಅವನ ಲೆಕ್ಕ ಅವನಿಗೆ ಸರಿಯಾಗಿಯೇ ಗೊತ್ತು. ಹೆಸರು, ಉದ್ದು ಕೊಯ್ಲಿಗೆ ಬಂದಾಗ ಮಳೆ ಹಿಡಿದರೆ ಕಾಳು ಹೊಲದಲ್ಲೇ ಮೊಳಕೆಯೊಡೆಯುತ್ತದೆ. ತೊಗರಿಯ ದರ ಬಿದ್ದರೆ ಕೂಲಿಯೂ ಗಿಟ್ಟದು. ಕಬ್ಬು ವಾರಗಟ್ಟಲೆ ನೀರಲ್ಲಿ ನಿಂತರೂ ತಡೆಯುತ್ತದೆ, ಸರ್ಕಾರ ನಿಗದಿ ಮಾಡಿದ ದರವಿದೆ, ಕಾರ್ಖಾನೆಯ ಲಾರಿ ಹೊಲಕ್ಕೇ ಬರುತ್ತದೆ. ಬಿಲ್ಲು ಬಾಕಿ ಉಳಿದರೂ ಮುಂದೊಂದು ದಿನ ಬಂದೀತೆಂಬ ಆಸೆಯಾದರೂ ಇದೆ. ಸಹಕಾರಿ ಕಾರ್ಖಾನೆಗಳು ಹಳ್ಳಿಗೆ ರಸ್ತೆ ತಂದವು, ಒಂದು ತಲೆಮಾರಿಗೆ ಷೇರುದಾರನೆಂಬ ಘನತೆ ಕೊಟ್ಟವು, ಇದೂ ನಿಜ. ತಪ್ಪು ಇರುವುದು ಏರ್ಪಾಟಿನಲ್ಲಿ. ನೀರನ್ನು ಪುಕ್ಕಟೆ ಎಂದು ಎಣಿಸಿ, ಹೆಚ್ಚು ನೀರು ಕುಡಿಯುವ ಬೆಳೆಗೆ ಮಾತ್ರ ಖಾತ್ರಿ ಕೊಟ್ಟು, ಕಡಿಮೆ ನೀರಿನ ಬೆಳೆಗಳನ್ನು ಸಂತೆಯ ದರಕ್ಕೆ ಬಿಟ್ಟ ಏರ್ಪಾಟು ಅದು. ಜಿಲ್ಲೆಯ ಹಿರಿಯ ಸಕ್ಕರೆ ಕಾರ್ಖಾನೆಯೇ ಸಾಲದಲ್ಲಿ ಸಿಕ್ಕಿ ಮುಗ್ಗರಿಸಿತು. ಅಷ್ಟಾದರೂ ಈ ಏರ್ಪಾಟನ್ನು ಪ್ರಶ್ನಿಸುವವರು ಕಡಿಮೆ.

ಇದರ ಕೊನೆ ಎಲ್ಲಿ ಎಂದು ನೋಡಲು ದೂರ ಹೋಗಬೇಕಿಲ್ಲ. ಮಾಂಜ್ರಾದ ಮೇಲ್ಗಡೆಯ ಲಾತೂರು ಜಿಲ್ಲೆ ನಮಗಿಂತ ಮೊದಲೇ ಸಕ್ಕರೆ ದಾರಿ ಹಿಡಿಯಿತು. ನಮ್ಮ ಮುಖಂಡರು ಅದನ್ನೇ ಮಾದರಿ ಎಂದು ತೋರಿಸುತ್ತಿದ್ದರು. 2016ರ ಬೇಸಿಗೆಯಲ್ಲಿ ಧನೇಗಾಂವದ ಜಲಾಶಯ ಬತ್ತಿತು. ಏಪ್ರಿಲ್‌ನಲ್ಲಿ ಮಿರಜದಿಂದ ರೈಲಿನ ಟ್ಯಾಂಕರುಗಳಲ್ಲಿ ಲಾತೂರಿಗೆ ಕುಡಿಯುವ ನೀರು ತರಬೇಕಾಯಿತು. ಉದ್ದಿಮೆ ಇದ್ದೂ, ಜಲಾಶಯ ಇದ್ದೂ, ರೈಲು ಹಳಿ ಇದ್ದೂ ಊರು ಬಾಯಾರಿತು. ಅದೇ ವರ್ಷದ ಸೆಪ್ಟೆಂಬರಿನಲ್ಲಿ ಮಳೆ ಹುಯ್ದು ಹೊಳೆ ತುಂಬಿತು. ಬರವೂ ನೆರೆಯೂ ಒಂದೇ ವರ್ಷದಲ್ಲಿ ಬಂದುಹೋದ ಮೇಲೂ ಕಲಿತದ್ದೇನು ಎಂದರೆ, ಇನ್ನಷ್ಟು ಕಟ್ಟೆ, ಇನ್ನಷ್ಟು ಕಬ್ಬು.

ಇನ್ನು ಪ್ರಸ್ಥಭೂಮಿಯ ಮೇಲಿನ ಕಥೆ. ಬೀದರಿನ ಕೊಳಾರ ಕೈಗಾರಿಕಾ ಪ್ರದೇಶ ಬೆಳೆದದ್ದು ನೀರು ಇಂಗಿಸುವ ಅದೇ ಕೆಂಪು ನೆಲದ ಮೇಲೆ. ಅಲ್ಲಿ ಔಷಧಿ ಮತ್ತು ರಾಸಾಯನಿಕ ತಯಾರಿಕೆಯೂ ಸೇರಿಕೊಂಡಿತು. ಕೊಳಾರದ ಸುತ್ತಲಿನವರೂ ಹುಮನಾಬಾದ್ ಕೈಗಾರಿಕಾ ಪ್ರದೇಶದ ಸುತ್ತಲಿನವರೂ ಬಾವಿ ನೀರಿನ ಬಣ್ಣ, ರಾತ್ರಿಯ ದುರ್ವಾಸನೆ ಬಗ್ಗೆ ವರ್ಷಗಳಿಂದ ದೂರುತ್ತಲೇ ಇದ್ದಾರೆ. ಯಾವ ಘಟಕ ಎಷ್ಟು ತಪ್ಪಿತಸ್ಥ ಎಂಬುದನ್ನು ಮಾಲಿನ್ಯ ನಿಯಂತ್ರಣ ಮಂಡಳಿ ಮತ್ತು ನ್ಯಾಯಾಲಯ ತೀರ್ಮಾನಿಸಲಿ. ಅದಕ್ಕೂ ಮೊದಲಿನ ಪ್ರಶ್ನೆ ಜಾಗದ್ದು. ಎರೆ ಮಣ್ಣಿನ ಮೇಲೆ ಸುರಿದ ವಿಷ ಹೆಚ್ಚಾಗಿ ಮೇಲ್ಮೈಯಲ್ಲಿ ಹರಿದು ಕಣ್ಣಿಗೆ ಕಾಣುತ್ತದೆ. ಜಂಬಿಟ್ಟಿಗೆಯ ಮೇಲೆ ಸುರಿದದ್ದು ಇಂಗಿ ಮಾಯವಾಗುತ್ತದೆ. ಎಷ್ಟೋ ವರ್ಷದ ಮೇಲೆ ಯಾವುದೋ ಬಾವಿಯಲ್ಲಿ, ಯಾವುದೋ ಝರಿಯಲ್ಲಿ ಮೇಲೇಳುತ್ತದೆ. ಜಿಲ್ಲೆಯ ಭೂವಿಜ್ಞಾನದ ನಕ್ಷೆಯನ್ನು ಮೇಜಿನ ಮೇಲೆ ಹರಡಿ ನೋಡಿದ ಯಾರೂ ರಾಸಾಯನಿಕ ಉದ್ದಿಮೆಗೆ ಈ ನೆಲವನ್ನು ಆರಿಸುತ್ತಿರಲಿಲ್ಲ. ಆರಿಸಿದವರು ನೋಡಿದ್ದು ಹೆದ್ದಾರಿ ಮತ್ತು ಅಗ್ಗದ ಜಮೀನು.

ಹೊಗೆ ಬೇಡವೆಂದರೆ ಕೆಲಸವೂ ಇಲ್ಲ ಎಂಬ ಮಾತು ಇಲ್ಲಿ ಬರುತ್ತದೆ. ಗುಳೆ ಹೋಗುವ ತಾಂಡಾದ ಹುಡುಗನ ಮುಂದೆ ನಿಂತು ಪರಿಸರದ ಪಾಠ ಹೇಳುವುದು ಸುಲಭವಲ್ಲ, ಒಪ್ಪುತ್ತೇನೆ. ಆದರೆ ಉದ್ದಿಮೆ ಬೇಕೇ ಬೇಡವೇ ಎಂಬ ಪ್ರಶ್ನೆಯೇ ಹುಸಿ. ಯಾವ ಉದ್ದಿಮೆ, ಯಾವ ನೆಲದಲ್ಲಿ, ಯಾವ ನೀರಿನಲ್ಲಿ ಎಂಬುದು ನಿಜವಾದ ಪ್ರಶ್ನೆ. ಸಂತಪುರ ಸೀಮೆಯ ಎರೆಯಲ್ಲಿ ಸೋಯಾಬೀನ್, ತೊಗರಿ, ಹೆಸರು, ಉದ್ದು, ಕಡಲೆ, ಜೋಳ ಮಳೆಯ ನೀರಲ್ಲೇ ಬೆಳೆಯುತ್ತವೆ. ರಾಜ್ಯದಲ್ಲಿ ಸೋಯಾಬೀನ್ ಎಂದರೆ ಬೀದರಿನ ಹೆಸರು ಮುಂದೆ. ಆ ಕಾಳು ಮೂಟೆಯಾಗಿ ಗಡಿ ದಾಟುತ್ತದೆ. ದರ ಕಟ್ಟುವುದು ಲಾತೂರಿನ ಅಡತಿ, ಬೇಳೆ ಒಡೆಯುವುದು ಮತ್ತು ಎಣ್ಣೆ ತೆಗೆಯುವುದು ಅಲ್ಲಿನ ಗಿರಣಿ. ಬೇಳೆ, ಎಣ್ಣೆ, ಹಿಂಡಿ ಮಾಡುವ ಕೆಲಸ ನಮ್ಮ ಹೋಬಳಿಗಳಲ್ಲೇ ನಡೆದರೆ ಸಕ್ಕರೆಗೆ ಬೇಕಾದ ನೀರಿನ ಅಲ್ಪ ಪಾಲೂ ಬೇಡ. ದೇವಣಿ ಆಕಳು ಈ ಮಣ್ಣಿನ ತಳಿ. ಅದಕ್ಕೆಂದೇ ಭಾಲ್ಕಿ ತಾಲೂಕಿನ ಕಟ್ಟಿತೂಗಾಂವದಲ್ಲಿ ಸಂಶೋಧನಾ ಕೇಂದ್ರವಿದೆ, ಬೀದರಿನಲ್ಲಿ ಪಶುವೈದ್ಯಕೀಯ ವಿಶ್ವವಿದ್ಯಾಲಯವೇ ಇದೆ. ಅಷ್ಟಿದ್ದೂ ಹಾಲಿನ ಉದ್ದಿಮೆ ಈ ಭಾಗದಲ್ಲಿ ದಕ್ಷಿಣದ ಜಿಲ್ಲೆಗಳಂತೆ ಬೇರೂರಲಿಲ್ಲ.

ಈಗ ಔರಾದ್ ಕಡೆಯ ಖುಷ್ಕಿ ಮತ್ತು ಬೀಳು ನೆಲಗಳ ಮೇಲೆ ದೊಡ್ಡ ಸೌರ ಪಾರ್ಕಿನ ಮಾತು ಕೇಳುತ್ತಿದೆ, ಕೆರೆಗಳಿಗೆ ಮಾಂಜ್ರಾ ನೀರೆತ್ತುವ ಯೋಜನೆಯೂ ಇದೆ. ಎರಡನ್ನೂ ಕಣ್ಣುಮುಚ್ಚಿ ವಿರೋಧಿಸಬೇಕಿಲ್ಲ. ಬಿಸಿಲು ಇಲ್ಲಿ ಧಾರಾಳ, ಕೆರೆಗೆ ನೀರು ಬಂದರೆ ಸುತ್ತಲಿನ ಬಾವಿಗೂ ಜೀವ. ಆದರೆ ಸರ್ಕಾರಿ ಕಡತದಲ್ಲಿ ಬೀಳು ಎಂದು ಬರೆದ ನೆಲ ದನಕುರಿಗಳ ಗೋಮಾಳ, ಈ ಜಿಲ್ಲೆಯಲ್ಲಿ ಇನ್ನೂ ಉಳಿದಿರುವ ಕೃಷ್ಣಮೃಗಗಳ ಹುಲ್ಲುಗಾವಲು. ಅದನ್ನು ಖಾಲಿ ಎಂದು ಎಣಿಸಿದರೆ ಜಿಂಕೆ ಹೊಲಕ್ಕೆ ನುಗ್ಗುತ್ತದೆ, ಬೆಳೆ ಕಳಕೊಂಡ ರೈತ ಅದಕ್ಕೂ ದಂಡ ತೆರುತ್ತಾನೆ. ಎತ್ತಿ ತಂದ ನೀರು ಮೊದಲ ವರ್ಷವೇ ಹೊಸ ಕಬ್ಬಿನ ತೋಟಕ್ಕೆ ಹೋದರೆ, ಕರೆಂಟಿನ ಬಿಲ್ಲು ಸರ್ಕಾರದ್ದು, ಲಾಭ ದಂಡೆಯ ನಾಲ್ವರದು ಎಂದಾಗುತ್ತದೆ. ಕಾರಂಜಾದಲ್ಲಿ ಆದದ್ದೇ ಸಣ್ಣ ಪ್ರಮಾಣದಲ್ಲಿ ಇಲ್ಲೂ ಆಗುತ್ತದೆ.

ಈ ಭಾಗಕ್ಕೆ ವಿಶೇಷ ಸ್ಥಾನ ಕೊಡುವ ಸಂವಿಧಾನದ 371(ಜೆ) ವಿಧಿ ಬಂದ ಮೇಲೆ ಕಲ್ಯಾಣ ಕರ್ನಾಟಕಕ್ಕೆ ಹಣದ ಕೊರತೆಯೇ ಎಲ್ಲಕ್ಕೂ ಕಾರಣ ಎನ್ನುವ ಹಾಗಿಲ್ಲ. ಆದ್ದರಿಂದ ಬೇಡಿಕೆಯೂ ಬದಲಾಗಬೇಕು. ಔರಾದ್ ಮತ್ತು ಭಾಲ್ಕಿಗೆ ಬರುವ ಯಾವ ಹೊಸ ಉದ್ದಿಮೆಯೂ ತನಗೆ ಎಷ್ಟು ನೀರು ಬೇಕು, ಅದು ಎಲ್ಲಿಂದ, ಬಳಸಿದ ನೀರು ಎಲ್ಲಿಗೆ ಎಂಬ ಲೆಕ್ಕವನ್ನು ಗ್ರಾಮಸಭೆಯ ಮುಂದೆ ಕನ್ನಡದಲ್ಲಿ ಓದಿ ಹೇಳಬೇಕು. ಬೀದರಿನ ಜಂಬಿಟ್ಟಿಗೆ ಪ್ರಸ್ಥಭೂಮಿಯನ್ನು ಜಲ ಮರುಪೂರಣದ ನೆಲವೆಂದು ಘೋಷಿಸಿ ಅಲ್ಲಿ ಹೊಸ ರಾಸಾಯನಿಕ ಘಟಕಗಳಿಗೆ ಅನುಮತಿ ನಿಲ್ಲಿಸಬೇಕು. ಕಾರಂಜಾ ನೀರಿನಲ್ಲಿ ಕುಡಿಯುವ ಪಾಲು ಕಳೆದು ಉಳಿದದ್ದಕ್ಕೆ ಬೆಳೆವಾರು ಮಿತಿ ಬೇಕು. ಅದಕ್ಕೂ ಮೊದಲು ಸೋಯಾಬೀನ್ ಮತ್ತು ತೊಗರಿಗೆ ಕಬ್ಬಿನಷ್ಟೇ ಗಟ್ಟಿ ಖರೀದಿ ಖಾತ್ರಿ ಬೇಕು. ಮುಳುಗಡೆಯವರ ಬಾಕಿ ತೀರಿಸದೆ ಆ ಜಲಾಶಯದ ದಂಡೆಯಲ್ಲಿ ಬೇರೆ ಯಾವ ಅಭಿವೃದ್ಧಿಯ ಕಲ್ಲೂ ಇಡಬಾರದು.

ಸಂತಪುರಕ್ಕೆ ಬೇಕಿರುವುದು ದಾನವಾಗಿ ಬರುವ ಕಾರ್ಖಾನೆಯಲ್ಲ. ಈಗಾಗಲೇ ಬಂದುಹೋದ ಉದ್ದಿಮೆಗಳ ಜಮಾಖರ್ಚು. ಅದನ್ನು ಕೇಳದೆ ಕೈಚಾಚುವ ನಾಯಕರು 'ಹಿಂದುಳಿದ' ಎಂಬ ಹಣೆಪಟ್ಟಿಯನ್ನು ತಾವೇ ಕಾಯ್ದಿಡುತ್ತಿದ್ದಾರೆ ಎಂದೇ ತಿಳಿಯಬೇಕು.